ಅಂಬಲಿಗೆ ನಾಚಬೇಡಿ



ಇಂದು ನಾವು ಮಾತನಾಡಬೇಕೆಂದಿರುವುದು ಅಂಬಲಿ, ಮಜ್ಜಿಗೆಯ ವಿಷಯ. ಅನುಭಾವದ ನಾಲ್ಕು ಮಾತು ಕೇಳೋಣವೆಂದು ಬಂದರೆ ಅಜ್ಜಾರು ಅಡುಗೆಮನೆ ಹೊಕ್ಕರಲ್ಲ ಎಂದು ಹಿಂದೆ ಕುಳಿತವರು ಮುಸಿಮುಸಿ ನಗುತ್ತಿದ್ದೀರಿ. ನಗಿರಿ, ಅಡ್ಡಿಯಿಲ್ಲ. ಪ್ರಸಾದವೆಂದು ಎರಡು ಕೈಯೊಡ್ಡಿ ತೆಗೆದುಕೊಂಡ ಅನ್ನ ಗಂಟಲಿಳಿದ ಮೇಲೆ ಏನಾಗುತ್ತದೆ ಎಂಬುದನ್ನು ತಿಳಿಯುವುದೂ ಪ್ರಸಾದಕ್ಕೆ ತೋರಿಸುವ ಗೌರವವೇ. ಉಂಡದ್ದು ಅರಗದವನಿಗೆ ಪೂಜೆಯಲ್ಲಿ ಮನಸ್ಸು ನಿಲ್ಲುವುದಿಲ್ಲ, ಕಾಯಕದಲ್ಲಿ ಕೈ ಓಡುವುದಿಲ್ಲ.

ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ಈ ಮೂರೂ ಸೀಮೆಯ ಹಳ್ಳಿಗಳನ್ನು ನಾವು ವರ್ಷದುದ್ದಕ್ಕೂ ತಿರುಗುತ್ತೇವೆ. ಭಕ್ತರ ಮನೆಗೆ ಹೋದರೆ ಹೋಳಿಗೆ ಬರುತ್ತದೆ, ಜಾಮೂನು ಬರುತ್ತದೆ, ಬೇಕರಿಯ ಡಬ್ಬಿ ಬರುತ್ತದೆ. "ತಾಯಿ, ಒಂದು ಬಟ್ಟಲು ಅಂಬಲಿ ಇದ್ದರೆ ಕೊಡಿ" ಎಂದರೆ ಮನೆಯವರಿಗೆಲ್ಲ ಸಂಕೋಚ. "ಅಜ್ಜಾರ, ಅದನ್ನ ನಿಮಗ ಹೆಂಗ ಕೊಡೂದ್ರೀ" ಎನ್ನುತ್ತಾರೆ. ಒಂದು ಮನೆಯಲ್ಲಿ ನಾವು ಒಳಗೆ ಬರುವುದನ್ನು ಕಂಡು ಸೊಸೆ ಅಂಬಲಿಯ ಗಡಿಗೆಯನ್ನು ಹಿತ್ತಲಿಗೆ ಸಾಗಿಸಿದಳು. ಇನ್ನೊಂದು ಕಡೆ, ಹೊಲ ಬಿಟ್ಟು ರಾಣೆಬೆನ್ನೂರಿನಲ್ಲಿ ಮಗನ ಮನೆ ಸೇರಿದ ಹಿರಿಯರೊಬ್ಬರು ನಮ್ಮ ಹತ್ತಿರ ಕುಳಿತು ಮೆಲ್ಲಗೆ ಹೇಳಿದರು: "ಎಲ್ಲಾ ಕೊಡ್ತಾರ್ರೀ ಅಜ್ಜಾರ, ನುಚ್ಚು ಮಜ್ಜಿಗಿ ಒಂದು ಕೊಡೂದಿಲ್ಲ. ಮಂದಿ ನೋಡಿದ್ರ ಏನಂದಾರು ಅಂತಾರ." ಎಪ್ಪತ್ತು ವರ್ಷ ಆ ದೇಹವನ್ನು ಸಾಕಿದ ಆಹಾರವನ್ನು ಮಂದಿಗಾಗಿ ಬಿಡಿಸಿದರು. ಅವರಿಗೆ ಈಗ ಹೊಟ್ಟೆ ಉಬ್ಬರ, ಮಲಬದ್ಧತೆ. ಮಗ ತಿಂಗಳಿಗೊಮ್ಮೆ ಗುಳಿಗೆ ತಂದುಕೊಡುತ್ತಾನೆ. ಆ ಮಗ ಕೆಟ್ಟವನಲ್ಲ. ಅವನಿಗಿರುವುದು ನಾಚಿಕೆ.

ಈ ನಾಚಿಕೆ ಎಲ್ಲಿಂದ ಬಂತು? ಅಂಬಲಿ ಬಡವರ ಊಟ, ಬರಗಾಲದ ಊಟ, ಗಂಜಿಕೇಂದ್ರದ ಮುಂದೆ ಸಾಲು ನಿಂತವರ ಊಟ ಎಂಬ ನೆನಪಿನಿಂದ ಬಂತು. ನಮ್ಮ ಪರಂಪರೆಯಲ್ಲಿ ಈ ನಾಚಿಕೆಗೆ ಬಹಳ ಹಿಂದೆಯೇ ಉತ್ತರ ಕೊಟ್ಟಾಗಿದೆ. ಮಾದಾರ ಚೆನ್ನಯ್ಯನ ಕಥೆ ನೀವೆಲ್ಲ ಬಲ್ಲಿರಿ. ಚೋಳರಾಜನ ಲಾಯಕ್ಕೆ ಹುಲ್ಲು ಹೊರುತ್ತಿದ್ದ ಚೆನ್ನಯ್ಯ ಯಾರಿಗೂ ಕಾಣದಂತೆ ಶಿವನಿಗೆ ಅಂಬಲಿ ಎಡೆ ಮಾಡಿದ. ಅರಸನ ಮೃಷ್ಟಾನ್ನದ ಹರಿವಾಣ ಆ ದಿನ ಹಾಗೆಯೇ ಉಳಿಯಿತು. ಏಕೆಂದು ಕೇಳಿದರೆ, ಚೆನ್ನಯ್ಯನ ಮನೆಯಲ್ಲಿ ಅಂಬಲಿ ಉಂಡು ಬಂದೆನೆಂದು ಶಿವನು ಹೇಳಿದನಂತೆ. ಈ ಕಥೆಯನ್ನು ಪುರಾಣದಲ್ಲಿ ಕೇಳಿ ಕಣ್ಣೀರು ಸುರಿಸುವವರೇ ಮನೆಗೆ ಹೋಗಿ ಅಂಬಲಿ ಗಡಿಗೆಯನ್ನು ಹಿತ್ತಲಿಗೆ ಸಾಗಿಸುತ್ತೀರಿ!

ಈಗ ಪಟ್ಟಣದಲ್ಲಿ ಗಾಳಿ ತಿರುಗಿದೆ. 2023ನೆಯ ಇಸವಿಯನ್ನು ವಿಶ್ವಸಂಸ್ಥೆ ಸಿರಿಧಾನ್ಯಗಳ ವರ್ಷವೆಂದು ಸಾರಿತು. ಅದೇ ವರ್ಷ ಮೈಸೂರಿನ ಖಾದರ್ ವಲಿಯವರಿಗೆ ಪದ್ಮಶ್ರೀ ಬಂತು. ಅವರ ಉಪನ್ಯಾಸ ಕೇಳಿದ ಪಟ್ಟಣಿಗರು ಅಂಬಲಿ ಕುಡಿಯತೊಡಗಿದ್ದಾರೆ. ಹುಳಿ ಬಂದ ಆಹಾರಕ್ಕೆ ಪ್ರೊಬಯಾಟಿಕ್ ಎಂದು ಹೆಸರಿಟ್ಟು, ಪುಟ್ಟ ಬಾಟಲಿಯಲ್ಲಿ ಸಕ್ಕರೆ ಬೆರೆಸಿ ಮಾರುತ್ತಾರೆ. ನಾವು ಬಿಟ್ಟದ್ದನ್ನು ನಮಗೇ ಮಾರುವ ಕಾಲ ಬಂದಿದೆ. ಹಾಗೆಂದು, ಪಟ್ಟಣದವರು ಕುಡಿಯುತ್ತಾರೆ ಆದ್ದರಿಂದ ನೀವೂ ಕುಡಿಯಿರಿ ಎಂದು ನಾವು ಹೇಳುವುದಿಲ್ಲ. ಅದೂ ಮಂದಿಗಾಗಿ ಉಣ್ಣುವುದೇ ಆಯಿತು. ತಿಳಿದು ಉಣ್ಣಿರಿ ಎನ್ನುತ್ತೇವೆ.

ಹೆಪ್ಪೆಂದರೆ ಏನು? ಉಗುರುಬೆಚ್ಚಗಿನ ಹಾಲಿಗೆ ಒಂದು ಚಮಚ ನಿನ್ನೆಯ ಮೊಸರು ಬಿಡುತ್ತೀರಿ. ಆ ಚಮಚದಲ್ಲಿ ಕಣ್ಣಿಗೆ ಕಾಣದ ಕೋಟಿ ಕೋಟಿ ಜೀವಿಗಳಿವೆ. ಹಾಲಿನೊಳಗಿನ ಲ್ಯಾಕ್ಟೋಸ್ ಎಂಬ ಸಕ್ಕರೆಯನ್ನು ಅವು ಉಂಡು ಲ್ಯಾಕ್ಟಿಕ್ ಆಮ್ಲ ಬಿಡುತ್ತವೆ. ಅದೇ ಹುಳಿ. ಆ ಹುಳಿಗೆ ಹಾಲು ಗಟ್ಟಿಯಾಗುತ್ತದೆ, ಕೊಳೆಸುವ ಬೇರೆ ಅನೇಕ ಜೀವಿಗಳು ಅದರಲ್ಲಿ ಬೆಳೆಯಲಾರವು. ಹಾಲು ಕುಡಿದರೆ ಹೊಟ್ಟೆ ಗುಡುಗುಡು ಎನ್ನುವ ಹಿರಿಯರು ಎಷ್ಟೋ ಜನ ಮೊಸರುಂಡು ಸುಖವಾಗಿರುತ್ತಾರೆ. ಪ್ರಾಯಕ್ಕೆ ಬಂದ ಮೇಲೆ ಹಾಲಿನ ಸಕ್ಕರೆ ಅರಗಿಸುವ ಶಕ್ತಿ ಬಹಳ ಜನರಲ್ಲಿ ಕಡಿಮೆಯಾಗುತ್ತದೆ. ಮೊಸರಿನ ಜೀವಿಗಳು ಆ ಕೆಲಸದಲ್ಲಿ ಒಂದಷ್ಟನ್ನು ಮೊದಲೇ ಮಾಡಿಟ್ಟಿರುತ್ತವೆ, ಉಳಿದುದಕ್ಕೆ ಹೊಟ್ಟೆಯೊಳಗೂ ನೆರವಾಗುತ್ತವೆ. ಹುಳಿ ಆಹಾರದ ವಿಷಯದಲ್ಲಿ ವಿಜ್ಞಾನಿಗಳು ಗಟ್ಟಿಯಾಗಿ ಒಪ್ಪುವ ಮಾತು ಇದು.

ಇದರ ಶೋಧವೂ ಸ್ವಾರಸ್ಯವಾಗಿದೆ. 1905ರಲ್ಲಿ ಬಲ್ಗೇರಿಯ ದೇಶದ ಸ್ಟಾಮೆನ್ ಗ್ರಿಗೊರೋವ್ ಎಂಬ ವಿದ್ಯಾರ್ಥಿ ತನ್ನ ನಾಡಿನ ಮೊಸರಿನಲ್ಲಿ ಈ ಕೆಲಸ ಮಾಡುವ ಜೀವಿಯನ್ನು ಗುರುತಿಸಿದ. ಪ್ಯಾರಿಸ್ಸಿನ ಪಾಸ್ತರ್ ಸಂಸ್ಥೆಯಲ್ಲಿದ್ದ ಮೆಚ್ನಿಕೋವ್ ಎಂಬ ಹಿರಿಯ ವಿಜ್ಞಾನಿ, ಬಲ್ಗೇರಿಯದ ರೈತರು ದೀರ್ಘಾಯುಷಿಗಳಾಗಿರಲು ಹುಳಿ ಹಾಲೇ ಕಾರಣವೆಂದು ವಾದಿಸಿದರು. ಅವರಿಗೆ 1908ರಲ್ಲಿ ನೊಬೆಲ್ ಪಾರಿತೋಷಕ ಬಂದದ್ದು ಬೇರೆ ಸಂಶೋಧನೆಗೆ, ಮೊಸರಿಗಲ್ಲ. ಮೊಸರುಂಡರೆ ನೂರು ವರ್ಷ ಬಾಳುತ್ತಾರೆ ಎಂಬ ಅವರ ಮಾತು ಸಿದ್ಧವಾಗಲಿಲ್ಲ. ಆದರೆ ಕರುಳೊಳಗಿನ ಜೀವಿಗಳಿಗೂ ನಮ್ಮ ಆರೋಗ್ಯಕ್ಕೂ ನಂಟಿದೆ ಎಂದು ಅವರು ತೋರಿಸಿದ ದಾರಿ ಮಾತ್ರ ಉಳಿಯಿತು.

ಒಬ್ಬ ಮನುಷ್ಯನ ಮೈಯಲ್ಲಿ ಸುಮಾರು 38 ಲಕ್ಷ ಕೋಟಿ ಬ್ಯಾಕ್ಟೀರಿಯಗಳಿವೆ ಎಂದು 2016ರಲ್ಲಿ ಲೆಕ್ಕ ಹಾಕಿದ್ದಾರೆ. ಬಹುಪಾಲು ಇರುವುದು ದೊಡ್ಡ ಕರುಳಿನಲ್ಲಿ. ಒಂಟಿಯಾಗಿದ್ದೇನೆಂದು ಅಳುವವರು ಈ ಲೆಕ್ಕ ನೆನಪಿಡಿರಿ! ಊರಿನಲ್ಲಿ ಒಂದೇ ಕಸುಬಿನವರಿದ್ದರೆ ಊರು ನಡೆಯುವುದಿಲ್ಲ. ಕಂಬಾರ, ಕುಂಬಾರ, ನೇಕಾರ, ಅಂಬಿಗ ಎಲ್ಲರೂ ಬೇಕು. ಕರುಳಿನ ಊರಿನಲ್ಲಿಯೂ ಬಗೆಬಗೆಯ ಜೀವಿಗಳಿರುವುದು ಒಳ್ಳೆಯದೆಂದು ಬಲ್ಲವರು ಹೇಳುತ್ತಾರೆ. ಅಮೇರಿಕದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದವರು 36 ಜನ ಆರೋಗ್ಯವಂತರನ್ನು ಎರಡು ಗುಂಪು ಮಾಡಿ, ಒಂದಕ್ಕೆ ಹತ್ತು ವಾರ ಮೊಸರು ಮೊದಲಾದ ಹುಳಿ ಆಹಾರ ಹೆಚ್ಚಿಸಿದರು, ಇನ್ನೊಂದಕ್ಕೆ ನಾರಿನ ಆಹಾರ ಹೆಚ್ಚಿಸಿದರು. ಹುಳಿ ಉಂಡವರ ಕರುಳಲ್ಲಿ ಜೀವಿಗಳ ಬಗೆ ಹೆಚ್ಚಿದವು, ರಕ್ತದಲ್ಲಿ ಉರಿಯೂತ ಸೂಚಿಸುವ 19 ಪ್ರೋಟೀನುಗಳು ಇಳಿದವು. ಇದು ಪ್ರಕಟವಾದದ್ದು 2021ರಲ್ಲಿ. ಚಿಕ್ಕ ಪ್ರಯೋಗ, ಅವರು ಉಂಡದ್ದೂ ದಿನಕ್ಕೆ ಆರು ಸಲದಷ್ಟು. ಇದರಿಂದ ರೋಗ ವಾಸಿಯಾಯಿತೆಂದು ಅವರೂ ಹೇಳಲಿಲ್ಲ, ನಾವೂ ಹೇಳುವುದಿಲ್ಲ.

ಇನ್ನು ನಮ್ಮ ಮನೆಗೆ ಬರೋಣ. ತಾಯಂದಿರು ಇಲ್ಲಿ ಸ್ವಲ್ಪ ಲಕ್ಷ್ಯ ಕೊಡಬೇಕು. ಹುಳಿ ಬಂದುದೆಲ್ಲ ಜೀವಂತವಲ್ಲ. ಇಡ್ಲಿ, ದೋಸೆ, ಪಡ್ಡಿನ ಹಿಟ್ಟು ರಾತ್ರಿ ಉಕ್ಕಿ ಬರುತ್ತದೆ, ಆಗ ಅದರಲ್ಲಿ ಜೀವಿಗಳು ತುಂಬಿರುತ್ತವೆ. ಬೆಳಿಗ್ಗೆ ಹಬೆಗೋ ಹಂಚಿಗೋ ಹಾಕಿದಿರಿ, ಅವು ಸತ್ತವು. ಹಾಗೆಂದು ಹುಳಿಸಿದ್ದು ವ್ಯರ್ಥವಲ್ಲ. ಕಾಳಿನಲ್ಲಿ ಫೈಟಿಕ್ ಆಮ್ಲ ಎಂಬುದೊಂದಿದೆ, ಅದು ಕಬ್ಬಿಣ, ಸತುವುಗಳನ್ನು ಹಿಡಿದುಕೊಂಡು ಮೈಗೆ ಹತ್ತಗೊಡುವುದಿಲ್ಲ. ನಮ್ಮ ಜೋಳದಲ್ಲಿಯೂ ಅದಿದೆ. ಹಿಟ್ಟು ಹುಳಿ ಬಂದಾಗ ಅದು ಕಡಿಮೆಯಾಗುತ್ತದೆ, ಮುಂದೆ ಬೇಯಿಸಿದರೂ ಆ ಲಾಭ ಉಳಿಯುತ್ತದೆ. ನಮ್ಮ ದೇಶದ ಹೆಣ್ಣುಮಕ್ಕಳಲ್ಲಿ ನೂರಕ್ಕೆ 57 ಜನರಿಗೆ ರಕ್ತಹೀನತೆ ಇದೆ ಎಂದು 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ ಹೇಳಿತು. ಅಂಬಲಿ ಕುಡಿದರೆ ರಕ್ತ ತುಂಬಿಬಿಡುತ್ತದೆ ಎಂದು ಯಾರೂ ತಿಳಿಯಬೇಡಿ, ಕಬ್ಬಿಣದ ಗುಳಿಗೆ ಕೊಟ್ಟಿದ್ದರೆ ಅದನ್ನು ನುಂಗಲೇಬೇಕು. ಉಂಡ ಜೋಳದ ಸತ್ವ ಇನ್ನಷ್ಟು ಮೈಗೆ ಹತ್ತುತ್ತದೆ, ಅಷ್ಟೆ.

ಅಂಬಲಿಯನ್ನು ನಮ್ಮ ಸೀಮೆಯಲ್ಲಿ ಎರಡು ಬಗೆ ಮಾಡುತ್ತಾರೆ. ಜೋಳದ ಹಿಟ್ಟನ್ನು ರಾತ್ರಿ ಮಜ್ಜಿಗೆಯಲ್ಲಿ ಕಲಸಿಟ್ಟು, ಹುಳಿ ಬಂದ ಮೇಲೆ ಬೆಳಿಗ್ಗೆ ನೀರಿಗೆ ಬಿಟ್ಟು ಕುದಿಸುವುದು ಒಂದು ಬಗೆ. ಹಿಟ್ಟನ್ನು ಮೊದಲೇ ಕುದಿಸಿ ಆರಿಸಿ, ಮಜ್ಜಿಗೆ ಬೆರೆಸಿ ಗಡಿಗೆಯಲ್ಲಿ ಮುಚ್ಚಿಟ್ಟು ಮರುದಿನ ಕುಡಿಯುವುದು ಇನ್ನೊಂದು. ಮೊದಲನೆಯದು ಕುದಿಯಿತು, ಆದ್ದರಿಂದ ಅದಕ್ಕೆ ಕುಡಿಯುವ ಮುಂಚೆ, ಆರಿದ ಮೇಲೆ, ತಾಜಾ ಮಜ್ಜಿಗೆ ಬೆರೆಸಬೇಕು. ನಮ್ಮ ಅಜ್ಜಿಯರು ಹಾಗೆಯೇ ಮಾಡುತ್ತಿದ್ದರು. ಸುಡುವ ಅಂಬಲಿಗೆ ಮಜ್ಜಿಗೆ ಸುರಿದರೆ ಒಡೆಯುತ್ತದೆ ಎಂಬ ಕಾರಣಕ್ಕೆ ಆರಿಸುತ್ತಿದ್ದರು, ಜೀವಿಗಳ ಮಾತು ಅವರಿಗೆ ತಿಳಿದಿರಲಿಲ್ಲ. ಕೆಲಸ ಮಾತ್ರ ಸರಿಯಾಗಿಯೇ ನಡೆದಿತ್ತು. ಜೋಳದ ನುಚ್ಚಿಗೆ ಮಜ್ಜಿಗೆ ಹಾಕಿ, ಪಕ್ಕದಲ್ಲಿ ಉಳ್ಳಾಗಡ್ಡಿ, ಒಂದಿಷ್ಟು ಅಗಸಿ ಚಟ್ನಿ ಇಟ್ಟುಕೊಂಡರೆ ಹೊಲದವನಿಗೆ ಮಧ್ಯಾಹ್ನದವರೆಗೆ ಹಸಿವಿಲ್ಲ. ಉಳ್ಳಾಗಡ್ಡಿಯ ನಾರನ್ನೂ ಜೋಳದ ನಾರನ್ನೂ ಕರುಳಿನ ಜೀವಿಗಳೇ ಉಣ್ಣುತ್ತವೆ. ಮಜ್ಜಿಗೆಯಿಂದ ಅತಿಥಿ ಬಂದ, ನುಚ್ಚಿನಿಂದ ಮನೆಯವರಿಗೆ ಬುತ್ತಿ ಬಂತು ಎನ್ನಬಹುದು. ಮಜ್ಜಿಗೆಯ ಜೀವಿಗಳು ಬಹಳ ದಿನ ಒಳಗೆ ನೆಲೆಸುವುದಿಲ್ಲ, ಬಂದು ಹೋಗುವವು. ಆದ್ದರಿಂದ ಜಾತ್ರೆಗೊಮ್ಮೆ ಕುಡಿದರೆ ಸಾಲದು, ದಿನವೂ ಸ್ವಲ್ಪ ಬೇಕು.

ರಾಣೆಬೆನ್ನೂರಿನ ಸುತ್ತ ಬೀಜದ ಪ್ಲಾಟುಗಳಿಗೆ ಹೋಗುವ ಹೆಣ್ಣುಮಕ್ಕಳನ್ನು ನಾವು ಬೆಳಗಿನ ದಾರಿಯಲ್ಲಿ ಕಾಣುತ್ತೇವೆ. ಹತ್ತಿಯ ಹೂವನ್ನು ಒಂದೊಂದಾಗಿ ಮುಟ್ಟಿ ಪರಾಗ ಹಚ್ಚುವ ಸೂಕ್ಷ್ಮದ ಕೆಲಸ. ಬುತ್ತಿಯಲ್ಲಿ ರೊಟ್ಟಿ, ಪಲ್ಯ, ಬಾಟಲಿಯಲ್ಲಿ ಮಜ್ಜಿಗೆ ಇರುತ್ತಿತ್ತು. ಈಗ ಕೆಲವರ ಕೈಯಲ್ಲಿ ಚಹಾ ಮತ್ತು ಬನ್ನು, ಸಂಜೆಗೆ ಮಿರ್ಚಿ ಮಂಡಕ್ಕಿ. ಮಿರ್ಚಿ ತಿನ್ನಬೇಡಿ ಎಂದು ನಾವು ಹೇಳಿದರೆ ಹಾವೇರಿ ಜಿಲ್ಲೆಯಲ್ಲಿ ನಮಗೆ ಯಾರು ಭಿಕ್ಷೆ ಹಾಕುತ್ತೀರಿ? ತಿನ್ನಿರಿ. ಮಜ್ಜಿಗೆಯ ಬಾಟಲಿಯನ್ನು ಮಾತ್ರ ಬಿಡಬೇಡಿ.

ಬ್ಯಾಡಗಿಯವರು ಕಾಯುತ್ತಿದ್ದೀರಿ, ನಮ್ಮ ಮೆಣಸಿನಕಾಯಿಯ ಮಾತು ಯಾವಾಗ ಬರುತ್ತದೆ ಎಂದು. 2011ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ಪಡೆದ ನಿಮ್ಮ ಕಾಯಿಗೆ ಬಣ್ಣ ಹೆಚ್ಚು, ಖಾರ ಕಡಿಮೆ. ಅದರ ತೊಟ್ಟಿನಲ್ಲಿ ಒಂದು ಗುಟ್ಟಿದೆ. ಹೆಪ್ಪು ಕೆಟ್ಟುಹೋದಾಗ ಹಳೆಯ ತಾಯಂದಿರು ಬೆಚ್ಚಗಿನ ಹಾಲಿಗೆ ತೊಟ್ಟಿನ ಸಮೇತ ಎರಡು ಒಣಮೆಣಸಿನಕಾಯಿ ಹಾಕಿ ಮುಚ್ಚಿಡುತ್ತಿದ್ದರು. ತೊಟ್ಟಿಗೆ ಹತ್ತಿಕೊಂಡಿರುವ ಹುಳಿಯ ಜೀವಿಗಳು ಹಾಲಿಗಿಳಿದು ಹೆಪ್ಪು ಕಟ್ಟುತ್ತವೆ. ಮೊದಲ ಸಲದ ಮೊಸರು ಲೋಳೆಯಾಗಿರಬಹುದು, ರುಚಿಯಿರಲಿಕ್ಕಿಲ್ಲ. ಅದರಿಂದ ಮುಂದಿನ ಹಾಲಿಗೆ, ಅದರಿಂದ ಇನ್ನೂ ಮುಂದಿನ ಹಾಲಿಗೆ ಹೆಪ್ಪು ಹಾಕುತ್ತ ಹೋದರೆ ಹದಕ್ಕೆ ಬರುತ್ತದೆ. ಪೇಟೆಯಲ್ಲಿ ದಿನವೆಲ್ಲ ಕುಳಿತು ತೊಟ್ಟು ಬಿಡಿಸಿ ಬಿಸಾಡುವ ತಾಯಂದಿರಿಗೆ ತಮ್ಮ ಬೆರಳ ತುದಿಯಲ್ಲಿ ಏನಿದೆ ಎಂಬುದು ತಿಳಿಯಲೆಂದು ಹೇಳಿದೆವು. ಖಾರ ನೆತ್ತಿಗೇರಿದಾಗ ನೀರು ಕುಡಿದರೆ ಇಳಿಯುವುದಿಲ್ಲ, ಮಜ್ಜಿಗೆ ಕುಡಿದರೆ ಇಳಿಯುತ್ತದೆ. ಹಾಲಿನ ಕೇಸಿನ್ ಎಂಬ ಪ್ರೋಟೀನು ಖಾರದ ಅಂಶವನ್ನು ಹಿಡಿದುಕೊಳ್ಳುವುದೇ ಅದಕ್ಕೆ ಕಾರಣ.

ಹೊಟ್ಟೆಹುಣ್ಣಿಗೆಲ್ಲ ಮೆಣಸಿನಕಾಯಿಯೇ ಕಾರಣವೆಂದು ಬಹಳ ಕಾಲ ನಂಬಿದ್ದರು. 1982ರಲ್ಲಿ ಆಸ್ಟ್ರೇಲಿಯದ ಬ್ಯಾರಿ ಮಾರ್ಷಲ್, ರಾಬಿನ್ ವಾರೆನ್ ಎಂಬ ವೈದ್ಯರು ಜಠರದಲ್ಲಿ ವಾಸಿಸುವ ಒಂದು ಬ್ಯಾಕ್ಟೀರಿಯವನ್ನು ಬೆಳೆಸಿ ತೋರಿಸಿದರು. ಹುಣ್ಣಿಗೆ ಅದು ದೊಡ್ಡ ಕಾರಣ, ಇನ್ನೊಂದು ಕಾರಣ ನೋವಿನ ಗುಳಿಗೆ. ಅವರಿಗೆ 2005ರಲ್ಲಿ ನೊಬೆಲ್ ಬಂತು. ಈ ಮಾತನ್ನು ಹೇಳಲು ನಮಗೊಂದು ಕಾರಣವಿದೆ. ಮೆಣಸಿನಕಾಯಿ ಚೀಲ ಹೊರುವ ಹಮಾಲ ಭಕ್ತನೊಬ್ಬ ಬೆನ್ನುನೋವಿಗೆ ದಿನಕ್ಕೆರಡು ಗುಳಿಗೆ ನುಂಗುತ್ತಿದ್ದ. ಹೊಟ್ಟೆ ಉರಿಯತೊಡಗಿತು, ಆಮೇಲೆ ಮಲ ಕರ್ರಗೆ ಡಾಂಬರಿನಂತೆ ಹೋಗತೊಡಗಿತು. ಖಾರದ ಉಷ್ಣವೆಂದು ತಿಳಿದು ಎರಡು ತಿಂಗಳು ಬರೀ ಮಜ್ಜಿಗೆ ಕುಡಿದ. ಒಂದು ದಿನ ಚೀಲದ ಸಮೇತ ಕುಸಿದುಬಿದ್ದ. ಆಸ್ಪತ್ರೆಯಲ್ಲಿ ರಕ್ತ ಕೊಟ್ಟು ಉಳಿಸಿದರು. ಕರಿಯ ಮಲವೆಂದರೆ ಒಳಗೆ ರಕ್ತ ಸೋರುತ್ತಿತ್ತು. ಅವನ ಹೆಂಡತಿ ನಮ್ಮೆದುರು ಅಳುತ್ತ "ಅಜ್ಜಾರ, ಮಜ್ಜಿಗಿ ತಂಪಲ್ಲೇನ್ರೀ, ಯಾಕ ಕೈಬಿಡ್ತು" ಎಂದಳು. ಮಜ್ಜಿಗೆ ಕೈಬಿಡಲಿಲ್ಲ ತಾಯಿ, ಅದಕ್ಕೆ ಆಗದ ಕೆಲಸವನ್ನು ಅದರ ಮೇಲೆ ಹೊರಿಸಿದಿರಿ. ಮಲದಲ್ಲಿ ರಕ್ತ, ಕರಿಯ ಮಲ, ಕಾರಣವಿಲ್ಲದೆ ತೂಕ ಇಳಿಯುವುದು, ನುಂಗಲಾಗದಿರುವುದು, ವಾರಗಟ್ಟಲೆ ನಿಲ್ಲದ ಭೇದಿ, ಇವು ಕಂಡ ದಿನವೇ ವೈದ್ಯರ ಬಳಿಗೆ ಹೋಗಬೇಕು. ಹೊಟ್ಟೆಯ ಬಹುತೇಕ ಕಾಯಿಲೆಗಳಿಗೆ ಪ್ರೊಬಯಾಟಿಕ್ ಔಷಧಿ ಕೊಡಿರೆಂದು ಹೇಳಲು ಸಾಕಷ್ಟು ಆಧಾರವಿಲ್ಲವೆಂದು ಅಮೇರಿಕದ ಜೀರ್ಣಾಂಗ ವೈದ್ಯರ ಸಂಘವೇ 2020ರಲ್ಲಿ ಹೇಳಿದೆ. ಆಹಾರ ಆಹಾರವಾಗಿರಲಿ.

ಇನ್ನು ಕೆಲವು ಚಿಲ್ಲರೆ ಮಾತು. ಜ್ವರಕ್ಕೋ ಗಾಯಕ್ಕೋ ಆಂಟಿಬಯಾಟಿಕ್ ಗುಳಿಗೆ ಕೊಟ್ಟಾಗ ಅದು ಕರುಳಿನ ಒಳ್ಳೆಯ ಜೀವಿಗಳನ್ನೂ ಕೊಲ್ಲುತ್ತದೆ, ಆಗ ಮೊಸರು ಉಣ್ಣುವುದು ಹಿತ. ಆದರೆ ಕೆಲವು ಗುಳಿಗೆಗಳನ್ನು ಮೊಸರಿನ ಜೊತೆಗೇ ನುಂಗಿದರೆ ಅವು ಮೈಗೆ ಹತ್ತುವುದಿಲ್ಲ, ಎಷ್ಟು ಹೊತ್ತು ಬಿಡಬೇಕೆಂದು ವೈದ್ಯರನ್ನು ಕೇಳಿರಿ. ಆರು ತಿಂಗಳೊಳಗಿನ ಕೂಸಿಗೆ ತಾಯಿಯ ಹಾಲಲ್ಲದೆ ಮಜ್ಜಿಗೆಯ ಹನಿಯೂ ಬೇಡ. ಮಕ್ಕಳಿಗೆ ಭೇದಿಯಾದರೆ ಮೊದಲು ಓಆರ್‌ಎಸ್. ಅದು ಸಿಗದಿದ್ದರೆ ಒಂದು ಲೀಟರು ಕಾಯಿಸಿ ಆರಿಸಿದ ನೀರಿಗೆ ಸಮಮಟ್ಟದ ಆರು ಚಹಾಚಮಚ ಸಕ್ಕರೆ, ಅರ್ಧ ಚಹಾಚಮಚ ಉಪ್ಪು. ಕ್ಯಾನ್ಸರ್ ಔಷಧಿ ನಡೆದವರು, ಮೈಯ ನಿರೋಧ ಶಕ್ತಿ ಕುಂದಿದವರು ಮನೆಯ ಹುಳಿ ಪದಾರ್ಥಗಳನ್ನು ವೈದ್ಯರನ್ನು ಕೇಳಿಯೇ ಉಣ್ಣಬೇಕು. ರಂಜಕ, ಉಪ್ಪಿನಕಾಯಿ ರುಚಿಗೆ ಬೆರಳಷ್ಟು ಸಾಕು. ದಿನಕ್ಕೆ ಐದು ಗ್ರಾಮಿಗಿಂತ ಕಡಿಮೆ ಉಪ್ಪು ತಿನ್ನಿರೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ, ನಮ್ಮವರು ಮಜ್ಜಿಗೆಗೆ ಉಪ್ಪು ಹಾಕುವ ಕೈ ನೋಡಿದರೆ ನಮಗೆ ಹೆದರಿಕೆಯಾಗುತ್ತದೆ. ಬೇಸಿಗೆಯಲ್ಲಿ ಅರವಟ್ಟಿಗೆ ಇಡುವ ತರುಣರಿಗೆ ಒಂದು ಮಾತು: ಮಜ್ಜಿಗೆ ಎಷ್ಟು ಒಳ್ಳೆಯದಿದ್ದರೂ ಅದಕ್ಕೆ ಬೆರೆಸಿದ ನೀರು ಕೆಟ್ಟದ್ದಿದ್ದರೆ ಪುಣ್ಯದ ಬದಲು ಊರಿಗೆ ಭೇದಿ ಹಂಚಿದಂತಾಗುತ್ತದೆ. ತಂಗಳನ್ನವನ್ನು ಬರಿದೇ ಬಿಸಿಲಿನ ದಿನ ಹೊರಗಿಟ್ಟು ಮರುದಿನ ಬಿಸಿ ಮಾಡಿ ಉಣ್ಣುವುದೂ ಅಪಾಯ. ಅದರಲ್ಲಿ ಬೆಳೆಯುವ ಒಂದು ಬ್ಯಾಕ್ಟೀರಿಯದ ವಿಷ ಬಿಸಿಗೆ ಹೋಗುವುದಿಲ್ಲ.

ಪೇಟೆಯ ಮೊಸರಿನ ಪಾಕೀಟನ್ನು ನಾವು ಬೈಯುವುದಿಲ್ಲ. ಎಮ್ಮೆ ಕಟ್ಟಲು ಜಾಗವಿಲ್ಲದವರು ಏನು ಮಾಡಬೇಕು? ಅದರಲ್ಲಿಯೂ ಜೀವಿಗಳಿರುತ್ತವೆ, ಅದರಿಂದಲೇ ಹೆಪ್ಪು ಹಾಕಬಹುದು. ತಿಂಗಳುಗಟ್ಟಲೆ ಹೊರಗಿಟ್ಟರೂ ಕೆಡದ ಡಬ್ಬಿಯ ಮಜ್ಜಿಗೆ ಮಾತ್ರ ಕಾಯಿಸಿ ತುಂಬಿದ್ದು, ಅದು ಬರೀ ಪಾನಕ.

ಹಿಂದೆ ನಮ್ಮ ಹಳ್ಳಿಗಳಲ್ಲಿ ಹಾಲು ಮಾರುತ್ತಿದ್ದರು, ಮಜ್ಜಿಗೆಯನ್ನು ಮಾರುತ್ತಿರಲಿಲ್ಲ. ಕಡೆದ ದಿನ ಓಣಿಯವರು ತಂಬಿಗೆ ಹಿಡಿದು ಬರುತ್ತಿದ್ದರು. ಇದನ್ನು ಹೊಗಳುವಾಗ ಇನ್ನೊಂದನ್ನೂ ಹೇಳಬೇಕು. ಕೆಲವರಿಗೆ ಮುಂಬಾಗಿಲಲ್ಲಿ ಕೊಟ್ಟರು, ಕೆಲವರಿಗೆ ಹಿತ್ತಲಲ್ಲಿ ಮುಟ್ಟದಂತೆ ಎತ್ತರದಿಂದ ಹೊಯ್ದರು. ಚೆನ್ನಯ್ಯನ ಅಂಬಲಿಯ ಕಥೆ ಹಾಡಿದ ಊರುಗಳಲ್ಲಿಯೇ ಹಾಗೆ ನಡೆಯಿತು. ಇನ್ನು ದೀಪ ಹಚ್ಚಿದ ಮೇಲೆ ಹೆಪ್ಪು ಕೊಡಬಾರದು, ಮನೆಯ ಲಕ್ಷ್ಮಿ ಹೋಗುತ್ತಾಳೆ ಎಂಬುದೊಂದು ನಂಬಿಕೆ ಇಂದಿಗೂ ಇದೆ. ಹೆಪ್ಪು ಕೊಟ್ಟರೆ ಖರ್ಚಾಗುವ ವಸ್ತುವಲ್ಲ. ನಿಮ್ಮ ಮನೆಯದು ಒಂದು ದಿನ ಕೆಟ್ಟರೆ, ನೀವು ಕೊಟ್ಟ ಮನೆಯಲ್ಲಿ ಅದೇ ಹೆಪ್ಪು ಜೀವಂತವಾಗಿ ಸಿಗುತ್ತದೆ.

ಪ್ರಸಾದ ನಿಲಯದ ಕಟ್ಟೆಯ ಮೇಲೆ ಇವತ್ತು ಮೊಸರಿನ ಗಡಿಗೆ ಇಡಿಸಿದ್ದೇವೆ. ಮನೆಯಲ್ಲಿ ಹೆಪ್ಪು ಇಲ್ಲದವರು ಹೋಗುವಾಗ ಒಂದೊಂದು ಚಮಚ ಒಯ್ಯಿರಿ, ಯಾರ ಮನೆ ಎಂದು ಅಲ್ಲಿ ಯಾರೂ ಕೇಳುವುದಿಲ್ಲ. ಹಾಲು ಬೆರಳಿಗೆ ಹಿತವಾಗುವಷ್ಟು ಬೆಚ್ಚಗಿರಲಿ, ಚಳಿಯ ದಿನ ಗಡಿಗೆಗೆ ಅರಿವೆ ಸುತ್ತಿರಿ. ಬ್ಯಾಡಗಿಯ ಕಡೆಯ ಬಸ್ಸು ಹಿಡಿಯುವವರು ಮೊದಲು ತೆಗೆದುಕೊಳ್ಳಲಿ. ದೀಪ ಹಚ್ಚಿ ಬಹಳ ಹೊತ್ತಾಗಿದೆ, ಆದರೂ ಕೊಡಲು ಹೇಳಿದ್ದೇವೆ.